ತುಳು ಸಿನಿಮಾದ ಮೊದಲ ದಿನಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಹಳೆಯ ಸಿನಿಮಾಗಳ ನೋಟೀಸು, ಹಾಡಿನ ಪುಸ್ತಕ, ಫೋಟೊ ಎಲ್ಲಿ ಸಿಕ್ಕಿದರೂ ಎತ್ತಿಟ್ಟುಕೊಳ್ಳುವ ಅಭ್ಯಾಸ ನನಗೆ ಮೊದಲಿನಿಂದಲೂ ಇದೆ. ಮಂಗಳೂರಿನಲ್ಲೇ ಹುಟ್ಟಿ ಬೆಳೆದವನು. ಹಾಗಾಗಿ ಕಾಲೇಜು ಹುಡುಗರು, ಊರಿಗೆ ಬಂದ ಮುಂಬೈಯ ನೆಂಟರು, ಮದುವೆ ಊಟದಲ್ಲಿ ಪಕ್ಕ ಕುಳಿತವರು ಎಲ್ಲರೂ ಕೇಳುವುದು ಹೆಚ್ಚುಕಡಿಮೆ ಇವೇ ಪ್ರಶ್ನೆಗಳನ್ನು. ಉತ್ತರಗಳನ್ನು ಇಲ್ಲಿ ಒಂದು ಕಡೆ ಬರೆದಿಟ್ಟಿದ್ದೇನೆ.

ಮೊದಲ ತುಳು ಸಿನಿಮಾ ಯಾವುದು?

‘ಎನ್ನ ತಂಗಡಿ’. ಕನ್ನಡದಲ್ಲಿ ಹೇಳಿದರೆ ‘ನನ್ನ ತಂಗಿ’. ನಿರ್ದೇಶಕರು ಎಸ್.ಆರ್. ರಾಜನ್. ತೆರೆಗೆ ಬಂದದ್ದು 1971ರ ಫೆಬ್ರವರಿ 19ರಂದು. ಕಪ್ಪು ಬಿಳುಪು ಚಿತ್ರ.

ಹೆಸರನ್ನೇ ಒಮ್ಮೆ ನೋಡಿ. ರಾಜನಿಲ್ಲ, ದೇವರಿಲ್ಲ, ಪುರಾಣವಿಲ್ಲ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ರಾಮಾಯಣದಿಂದ ಬಂದದ್ದು. ತುಳು ಸಿನಿಮಾ ಶುರುವಾದದ್ದು ಮನೆಯೊಳಗಿನ ಒಂದು ಸಂಬಂಧದ ಹೆಸರಿನಿಂದ. ಈ ವ್ಯತ್ಯಾಸ ನನಗೆ ತುಂಬಾ ಇಷ್ಟ. ತುಳು ನಮಗೆ ಅಂಗಳದ ಭಾಷೆ, ಅಡುಗೆ ಕೋಣೆಯ ಭಾಷೆ. ಸಿನಿಮಾಕ್ಕೂ ಅದು ಆ ಬಾಗಿಲಿನಿಂದಲೇ ಬಂತು.

‘ದಾರೆದ ಬುಡೆದಿ’ಯೇ ಮೊದಲನೆಯದು ಎಂದು ನಮ್ಮ ಮನೆಯಲ್ಲಿ ಹೇಳುತ್ತಾರಲ್ಲ?

ಅದು ಎರಡನೆಯದು. ಅದೂ 1971ರದ್ದೇ. ಒಂದೇ ವರ್ಷ ಎರಡು ಚಿತ್ರ ಬಂದದ್ದರಿಂದ ಹಿರಿಯರ ನೆನಪಿನಲ್ಲಿ ಹಿಂದುಮುಂದಾಗಿರಬಹುದು. ಯಾವುದನ್ನು ಮೊದಲು ನೋಡಿದರೋ ಅದೇ ಅವರಿಗೆ ಮೊದಲನೆಯದು, ಅಲ್ವಾ? ‘ದಾರೆದ ಬುಡೆದಿ’ ಎಂದರೆ ಧಾರೆ ಎರೆಸಿಕೊಂಡು ಬಂದ ಹೆಂಡತಿ.

ಕನ್ನಡದಲ್ಲಿ 1934ಕ್ಕೇ ಸಿನಿಮಾ ಮಾತಾಡಿತು. ತುಳುವಿಗೆ 1971ರವರೆಗೆ ಏಕೆ ಕಾಯಬೇಕಾಯಿತು?

ಇದು ನನಗೆ ಅತಿ ಹೆಚ್ಚು ಬರುವ ಪ್ರಶ್ನೆ. ಒಂದೇ ಕಾರಣ ಅಂತ ಇಲ್ಲ.

ಮೊದಲು ದುಡ್ಡಿನ ಲೆಕ್ಕ. 2011ರ ಜನಗಣತಿಯ ಪ್ರಕಾರ ತುಳು ಮಾತೃಭಾಷೆಯವರು ಸುಮಾರು 18 ಲಕ್ಷ 46 ಸಾವಿರ. 1971ರಲ್ಲಿ ಇನ್ನೂ ಕಡಿಮೆ. ಅದರಲ್ಲಿ ಟಾಕೀಸಿನ ಹತ್ತಿರ ಇದ್ದವರೆಷ್ಟು, ಟಿಕೆಟಿಗೆ ದುಡ್ಡು ಇದ್ದವರೆಷ್ಟು ಎಂದು ಲೆಕ್ಕ ಹಾಕಿದರೆ ನಿರ್ಮಾಪಕನ ಕೈ ನಡುಗುವುದು ಸಹಜ. ಕನ್ನಡ ಚಿತ್ರವಾದರೆ ಬೀದರಿನಿಂದ ಚಾಮರಾಜನಗರದವರೆಗೆ ಓಡಬಹುದು. ತುಳು ಚಿತ್ರಕ್ಕೆ ಅವಿಭಜಿತ ದಕ್ಷಿಣ ಕನ್ನಡ, ಕಾಸರಗೋಡಿನ ಒಂದಷ್ಟು ಭಾಗ, ಮತ್ತೆ ಮುಂಬೈ. ಅಷ್ಟೇ.

ಇನ್ನೊಂದು ಕಾರಣ, ಇಲ್ಲಿ ಸಂಜೆಯ ಮನರಂಜನೆಗೆ ಕೊರತೆ ಇರಲಿಲ್ಲ. ದೀಪಾವಳಿ ಕಳೆದು ಮೇ ಕೊನೆಯ ಪತ್ತನಾಜೆಯವರೆಗೆ ಊರೂರಲ್ಲಿ ಯಕ್ಷಗಾನ, ಕೋಲ, ನೇಮ, ಜಾತ್ರೆ, ನಾಟಕ. ತುಳುವಿನಲ್ಲೇ ಆಟ, ಅಂದರೆ ಯಕ್ಷಗಾನ, ಆಡುವ ಮೇಳಗಳೂ ಇದ್ದವು. ತುಳು ಮಾತನ್ನು ರಾತ್ರಿಯಿಡೀ ಕೇಳಬೇಕು ಎಂದರೆ ಗದ್ದೆಯ ಬದಿಯ ರಂಗಸ್ಥಳ ಸಾಕಿತ್ತು. ಸಿನಿಮಾದ ಆಸೆಯನ್ನು ಕನ್ನಡ, ಹಿಂದಿ, ತಮಿಳು ಚಿತ್ರಗಳು ತೀರಿಸುತ್ತಿದ್ದವು.

ಆಮೇಲೆ ಮಳೆ. ಮಂಗಳೂರಿನಲ್ಲಿ ವರ್ಷಕ್ಕೆ ಮೂರೂವರೆ ಸಾವಿರ ಮಿಲಿಮೀಟರಿಗೂ ಜಾಸ್ತಿ ಮಳೆ ಬೀಳುತ್ತದೆ. ಹೆಚ್ಚಿನದೆಲ್ಲ ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಆ ನಾಲ್ಕು ತಿಂಗಳು ಹೊರಾಂಗಣ ಚಿತ್ರೀಕರಣದ ಮಾತೇ ಇಲ್ಲ. ಮಳೆ ಬಿಟ್ಟ ಮೇಲೆ ಕಲಾವಿದರು ನಾಟಕ, ಆಟಗಳಲ್ಲಿ ಬ್ಯುಸಿ.

ಹಾಗಂತ ತುಳು ಎಲ್ಲರಿಗಿಂತ ಹಿಂದೆ ಉಳಿಯಿತು ಅಂತಲೂ ಅಲ್ಲ. ಕೊಂಕಣಿಯ ಮೊದಲ ಚಿತ್ರ ‘ಮೊಗಾಚೊ ಆಂವ್ಡೊ’ 1950ರಲ್ಲಿ ಬಂತು. ಅದನ್ನು ಮಾಡಿದ್ದು ಗೋವಾ ಮೂಲದ ಆಲ್ ಜೆರ್ರಿ ಬ್ರಗಾಂಝಾ. ಆದರೆ ಕೊಡವ ಭಾಷೆಯ ಮೊದಲ ಚಿತ್ರ ‘ನಾಡ ಮಣ್ಣ್ ನಾಡ ಕೂಳ್’ ಬಂದದ್ದು 1972ರಲ್ಲಿ. ಅದರ ನಿರ್ದೇಶಕರು ಯಾರು ಗೊತ್ತೇ? ಅದೇ ಎಸ್.ಆರ್. ರಾಜನ್. ಎರಡು ಭಾಷೆಗಳಿಗೆ ಮೊದಲ ಸಿನಿಮಾ ಕೊಟ್ಟ ಮನುಷ್ಯನ ಹೆಸರು ನಮ್ಮ ಮಕ್ಕಳಿಗೆ ಗೊತ್ತಿಲ್ಲ. ಶಾಲೆಯ ರಸಪ್ರಶ್ನೆಯಲ್ಲಾದರೂ ಈ ಹೆಸರು ಬರಬೇಕು.

ಹಾಗಾದರೆ 1971ಕ್ಕೆ ಮೊದಲು ಕರಾವಳಿಗೂ ಸಿನಿಮಾಕ್ಕೂ ಸಂಬಂಧವೇ ಇರಲಿಲ್ಲವೇ?

ಇತ್ತು, ಚೆನ್ನಾಗಿಯೇ ಇತ್ತು. ಮೂಕಿ ಕಾಲದಿಂದಲೇ ಇತ್ತು.

ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು ‘ಡೊಮಿಂಗೊ’, ‘ಭೂತರಾಜ್ಯ’ ಎಂಬ ಮೂಕಿ ಚಿತ್ರಗಳಿಗೆ ಕೈ ಹಾಕಿದ್ದರು. ಸಿನಿಮಾ ಎಂದರೆ ಮುಂಬೈ, ಮದರಾಸಿನವರ ಕೆಲಸ ಎಂದಿದ್ದ ಕಾಲ ಅದು. ಆಗ ನಮ್ಮ ಕಡೆಯ ಒಬ್ಬರು ಕ್ಯಾಮೆರಾ ಹಿಡಿದಿದ್ದರು ಎಂಬುದನ್ನು ಮರೆಯಬಾರದು. ಕಾರಂತರಿಗೆ ಆ ಹುಚ್ಚು ಬಿಟ್ಟೂ ಹೋಗಲಿಲ್ಲ. ಬಹಳ ವರ್ಷಗಳ ನಂತರ, 1978ರಲ್ಲಿ, ತಮ್ಮ ‘ಕುಡಿಯರ ಕೂಸು’ ಕಾದಂಬರಿಯನ್ನು ‘ಮಲೆಯ ಮಕ್ಕಳು’ ಎಂದು ತಾವೇ ಸಿನಿಮಾ ಮಾಡಿದರು. ಆಗ ಅವರಿಗೆ ಎಪ್ಪತ್ತು ದಾಟಿತ್ತು.

ಕಮಲಾದೇವಿ ಚಟ್ಟೋಪಾಧ್ಯಾಯರು ಹುಟ್ಟಿದ್ದು ಮಂಗಳೂರಿನಲ್ಲಿ, 1903ರಲ್ಲಿ. ಕರಕುಶಲ ಕಲೆಗಳಿಗಾಗಿ, ಸ್ವಾತಂತ್ರ್ಯ ಹೋರಾಟಕ್ಕಾಗಿ ಅವರನ್ನು ದೇಶವೇ ನೆನೆಯುತ್ತದೆ. ಆದರೆ ಮೋಹನ್ ಭವನಾನಿ ನಿರ್ದೇಶಿಸಿದ 1931ರ ಮೂಕಿ ಚಿತ್ರ ‘ವಸಂತಸೇನಾ’ದಲ್ಲಿ ಅವರು ನಟಿಸಿದ್ದರು. ಒಳ್ಳೆಯ ಮನೆತನದ ಹೆಣ್ಣುಮಕ್ಕಳು ಬಣ್ಣ ಹಚ್ಚುವುದೇ ತಪ್ಪು ಎನ್ನುತ್ತಿದ್ದ ದಿನಗಳವು. ಸುಮ್ನೆ ಒಂದು ಪಾತ್ರ ಮಾಡಿದರು ಎಂದು ಹೇಳಿ ದಾಟಿ ಹೋಗುವ ವಿಷಯವಲ್ಲ ಇದು.

ಮುಂದೆ ಕನ್ನಡ ಚಿತ್ರರಂಗಕ್ಕೆ ಬೆಳ್ತಂಗಡಿ ಕಡೆಯಿಂದ ಲೀಲಾವತಿ ಬಂದರು. ಕಲ್ಪನಾ ಕೂಡ ನಮ್ಮ ಜಿಲ್ಲೆಯವರೇ. ಕಾರಂತರ ‘ಚೋಮನ ದುಡಿ’ಯನ್ನು 1975ರಲ್ಲಿ ತೆರೆಗೆ ತಂದ ಬಿ.ವಿ. ಕಾರಂತರು ಬಂಟ್ವಾಳ ತಾಲೂಕಿನ ಮಂಚಿಯವರು. ಆ ಚಿತ್ರಕ್ಕೆ ರಾಷ್ಟ್ರದ ಅತ್ಯುತ್ತಮ ಚಿತ್ರ ಪ್ರಶಸ್ತಿ ಬಂತು. ಕಾದಂಬರಿ ಬರೆದವರು, ಸಿನಿಮಾ ಮಾಡಿದವರು ಇಬ್ಬರೂ ಕಾರಂತರೇ ಆದ್ದರಿಂದ ವಿದ್ಯಾರ್ಥಿಗಳು ಆಗಾಗ ಗೊಂದಲ ಮಾಡಿಕೊಳ್ಳುತ್ತಾರೆ. ಇಬ್ಬರೂ ಬೇರೆ ಬೇರೆ.

ಗುರುದತ್ ಉಡುಪಿಯವರು ಹೌದೇ?

ಅವರು ಹುಟ್ಟಿದ್ದು ಬೆಂಗಳೂರಿನಲ್ಲಿ, 1925ರಲ್ಲಿ. ಮನೆತನದ ಹೆಸರು ಪಡುಕೋಣೆ. ಆ ಹೆಸರಿನ ಊರು ಕುಂದಾಪುರದ ಕಡೆ ಇದೆ. ಬೇರು ಇಲ್ಲಿನದು. ಆದರೆ ಅವರ ಸಿನಿಮಾವನ್ನು ಕರಾವಳಿಯ ಚಿತ್ರರಂಗದ ಲೆಕ್ಕಕ್ಕೆ ಸೇರಿಸಲು ಆಗುವುದಿಲ್ಲ.

ಮಂಗಳೂರಿನಲ್ಲಿ ಸ್ಟುಡಿಯೊ ಇತ್ತೇ? ಸಿನಿಮಾ ಎಲ್ಲಿ ತಯಾರಾಗುತ್ತಿತ್ತು?

ದೊಡ್ಡ ಸ್ಟುಡಿಯೊ ಇರಲಿಲ್ಲ, ಫಿಲ್ಮ್ ತೊಳೆಯುವ ಲ್ಯಾಬೂ ಇರಲಿಲ್ಲ. ಇಲ್ಲಿ ಇದ್ದದ್ದು ಕತೆ, ಕಲಾವಿದರು, ಸಮುದ್ರ, ಗುತ್ತಿನ ಮನೆಗಳು (ಊರಿನ ಹಳೆಯ ದೊಡ್ಡ ಮನೆತನಗಳ ಮನೆಗಳು), ಗದ್ದೆ ತೋಟಗಳು. ಉಳಿದದ್ದಕ್ಕೆಲ್ಲ ಮದರಾಸು.

ಇದಕ್ಕೆ ಚರಿತ್ರೆಯ ಕಾರಣವೂ ಇದೆ. 1956ರ ನವೆಂಬರ್ 1ರವರೆಗೆ ದಕ್ಷಿಣ ಕನ್ನಡ ಮದರಾಸಿಗೇ ಸೇರಿತ್ತು. ಮಂಗಳೂರಿಗೆ ಮದರಾಸಿನ ಕಡೆಯಿಂದ ರೈಲು ಬಂದದ್ದು 1907ರಲ್ಲಿ. ಹಾಸನ–ಮಂಗಳೂರು ರೈಲು ದಾರಿ ಮುಗಿದದ್ದು 1979ರಲ್ಲಿ! ಮೊದಲ ತುಳು ಚಿತ್ರಗಳು ಬಂದಾಗ ಬೆಂಗಳೂರಿಗೆ ಹೋಗಬೇಕಾದರೆ ಘಾಟಿ ಹತ್ತಿ ಬಸ್ಸಿನಲ್ಲೇ ಹೋಗಬೇಕಿತ್ತು. ಮದರಾಸಿಗೆ ಇಲ್ಲಿಂದ ರೈಲು ಹತ್ತಿ ಮಲಗಿದರೆ ಸಾಕು. ದಕ್ಷಿಣದ ನಾಲ್ಕೂ ಭಾಷೆಗಳ ಸಿನಿಮಾದ ತಾಂತ್ರಿಕ ಕೆಲಸ ಆಗ ಹೆಚ್ಚಾಗಿ ಅಲ್ಲೇ ನಡೆಯುತ್ತಿತ್ತು. ಹಾಡಿನ ಧ್ವನಿಮುದ್ರಣ, ಡಬ್ಬಿಂಗ್, ಎಡಿಟಿಂಗ್, ಪ್ರಿಂಟ್ ಎಲ್ಲಕ್ಕೂ ಅಲ್ಲೇ ಜನ ಇದ್ದರು.

ಇದರ ಪರಿಣಾಮ ಏನೆಂದರೆ ತುಳು ಬಾರದವರು ತುಳು ಹಾಡು ಹಾಡಬೇಕಿತ್ತು. ತುಳುವಿನಲ್ಲಿ ಕೆಲವು ಸ್ವರಗಳಿವೆ, ಕನ್ನಡ ಅಕ್ಷರದಲ್ಲಿ ಬರೆದರೆ ಪೂರ್ತಿ ಹಿಡಿಯುವುದಿಲ್ಲ. ‘ಬರ್ಪೆ’ ಎಂದರೆ ‘ನಾನು ಬರುತ್ತೇನೆ’ ಅಂತಲೂ ಆಗುತ್ತದೆ, ‘ಅವನು ಬರುತ್ತಾನೆ’ ಅಂತಲೂ ಆಗುತ್ತದೆ. ಬರೆಯುವಾಗ ಎರಡೂ ಒಂದೇ ಥರ. ಬಾಯಲ್ಲಿ ಮಾತ್ರ ಕೊನೆಯ ‘ಎ’ ಸ್ವಲ್ಪ ಅಗಲವಾಗುತ್ತದೆ. ಹುಟ್ಟಿನಿಂದ ಕೇಳದವರಿಗೆ ಇದನ್ನು ಹೇಳಿಕೊಡುವುದು ಸುಲಭವಲ್ಲ. ಆ ಕಾಲದ ಹಾಡುಗಳನ್ನು ಕೇಳುವಾಗ ಗಾಯಕರ ಹಿಂದೆ ನಿಂತು ಉಚ್ಚಾರ ತಿದ್ದಿದ ತುಳುವರೂ ನನಗೆ ನೆನಪಾಗುತ್ತಾರೆ.

ಹೆಚ್ಚು ವರ್ಷ ಕಪ್ಪು ಬಿಳುಪಿನಲ್ಲೇ ಏಕೆ ತೆಗೆದರು?

ಖರ್ಚು. ಅಷ್ಟೇ. 35 ಎಂಎಂ ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. ಎರಡು ಗಂಟೆ ಇಪ್ಪತ್ತು ನಿಮಿಷದ ಚಿತ್ರ ಎಂದರೆ 12,600 ಅಡಿ. ಇದು ತೆರೆಯ ಮೇಲೆ ಕಾಣುವ ಅಳತೆ ಮಾತ್ರ. ತಪ್ಪಿದ ಟೇಕುಗಳಲ್ಲಿ ಸುಟ್ಟು ಹೋಗುವ ಫಿಲ್ಮ್ ಇದಕ್ಕಿಂತ ಎಷ್ಟೋ ಜಾಸ್ತಿ. ಕಲರ್ ಫಿಲ್ಮ್ ವಿದೇಶದಿಂದ ಬರಬೇಕಿತ್ತು, ಬೆಲೆಯೂ ಹೆಚ್ಚು. ಸಣ್ಣ ಮಾರುಕಟ್ಟೆಯ ಚಿತ್ರಕ್ಕೆ ಅದು ಎಟುಕುವ ಮಾತಲ್ಲ.

ಇಲ್ಲಿ ನಾಟಕದವರ ಶಿಸ್ತು ಕೈ ಹಿಡಿದಿರಬೇಕು ಎಂದು ನನ್ನ ಅಂದಾಜು. ನೂರಾರು ಪ್ರದರ್ಶನಗಳಲ್ಲಿ ಮಾತು ಹದವಾದ ನಟನಿಗೆ ಕ್ಯಾಮೆರಾ ಮುಂದೆ ಐದಾರು ಟೇಕು ಬೇಕಾಗುವುದಿಲ್ಲ.

ಮೊದಲ ಬಣ್ಣದ ತುಳು ಚಿತ್ರ 1978ರಲ್ಲಿ ಬಂತು. ಹೆಸರು ‘ಕರಿಯಣಿ ಕಟ್ಟಂದಿ ಕಂಡನಿ’, ಅಂದರೆ ಕರಿಮಣಿ ಕಟ್ಟದ ಗಂಡ. ನಿರ್ದೇಶನ ಆರೂರು ಭೀಮರಾವ್ ಅವರದು.

ಈ ಸಿನಿಮಾಗಳನ್ನು ಮಾಡಿದವರು ಯಾರು? ಎಲ್ಲಿಂದ ಬಂದವರು?

ಹೆಚ್ಚಿನವರು ನಾಟಕದಿಂದ. ತುಳು ಸಿನಿಮಾದ ತಾಯಿಬೇರು ತುಳು ನಾಟಕ. ಈ ಮಾತನ್ನು ನಾನು ಎಷ್ಟು ಸಲ ಬೇಕಾದರೂ ಹೇಳುತ್ತೇನೆ.

ಮಂಗಳೂರಿನ ಪುರಭವನ, ಡಾನ್ ಬಾಸ್ಕೊ ಹಾಲ್, ಊರೂರಿನ ಶಾಲೆಯ ಮೈದಾನ, ಭಜನಾ ಮಂದಿರದ ವಾರ್ಷಿಕೋತ್ಸವದ ಚಪ್ಪರ. ಇವೇ ನಮ್ಮ ನಟರ ತರಬೇತಿ ಶಾಲೆ. ಹಗಲಿಗೆ ಬೇರೆ ಕೆಲಸ, ರಾತ್ರಿಗೆ ಬಣ್ಣ. ಕೆ.ಎನ್. ಟೇಲರ್ ಅವರ ಹೆಸರನ್ನು ಹಿರಿಯರು ಇವತ್ತಿಗೂ ಪ್ರೀತಿಯಿಂದ ಹೇಳುತ್ತಾರೆ. ನಾಟಕ ಬರೆದು, ಆಡಿ, ಆಮೇಲೆ ಸಿನಿಮಾಕ್ಕೂ ಬಂದವರು ಅವರು. ಹಾಡು ಬರೆದವರಲ್ಲಿ ಸೀತಾರಾಮ ಕುಲಾಲ್ ಇದ್ದಾರೆ. ಅವರೂ ನಾಟಕಕಾರರೇ.

ನಾಟಕದಿಂದ ಬಂದದ್ದರ ಲಾಭ, ನಷ್ಟ ಎರಡೂ ಆ ಚಿತ್ರಗಳಲ್ಲಿ ಕಾಣುತ್ತದೆ. ಮಾತು ಜೀವಂತ. ಪಾತ್ರಗಳು ನಮ್ಮ ಪಕ್ಕದ ಮನೆಯವರ ಹಾಗೆ ಬೈಯುತ್ತವೆ, ಅಳುತ್ತವೆ. ಆದರೆ ಮಾತಿನ ಮೇಲೆ ಭಾರ ಜಾಸ್ತಿ. ಕ್ಯಾಮೆರಾ ಎಷ್ಟೋ ಸಲ ಸುಮ್ಮನೆ ನಿಂತು ನೋಡುತ್ತದೆ. ಇದನ್ನು ದೋಷ ಎಂದು ಹೇಳಿ ಮುಗಿಸಲು ನನಗೆ ಮನಸ್ಸಿಲ್ಲ. ಪ್ರೇಕ್ಷಕರು ಬಂದದ್ದೇ ಆ ಮಾತು ಕೇಳಲಿಕ್ಕೆ. ತಮ್ಮ ಅಮ್ಮನ ಭಾಷೆ ದೊಡ್ಡ ಪರದೆಯಿಂದ ಕೇಳಿಸುತ್ತದೆ ಎಂಬುದೇ ಅವರಿಗೆ ಹಬ್ಬ.

1970ರ ದಶಕದ ಮುಖ್ಯ ಚಿತ್ರಗಳ ಹೆಸರು ಹೇಳಿ.

ಮೊದಲೆರಡನ್ನು ಹೇಳಿಯಾಯಿತು. 1972ರಲ್ಲಿ ‘ಪಗೆತ ಪುಗೆ’ ಮತ್ತು ‘ಬಿಸತ್ತಿ ಬಾಬು’ ಬಂದವು. ‘ಪಗೆತ ಪುಗೆ’ ಎಂದರೆ ಹಗೆಯ ಹೊಗೆ. ಕನ್ನಡದ ‘ಹ’ ಇರುವ ಕಡೆ ತುಳುವಿನಲ್ಲಿ ಹಳೆಯ ‘ಪ’ ಹಾಗೇ ಉಳಿದಿದೆ. ‘ಬಿಸತ್ತಿ’ ಎಂದರೆ ಚೂರಿ. ‘ಉಡಲ್ದ ತುಡರ್’ ಎಂಬುದು ಇನ್ನೊಂದು. ಒಡಲಿನ ದೀಪ ಎಂದು ಅರ್ಥ. ಇವುಗಳ ನಡುವೆ 1973ರ ‘ಕೋಟಿ ಚೆನ್ನಯ’ಕ್ಕೆ ಬೇರೆಯೇ ಸ್ಥಾನ.

‘ಕೋಟಿ ಚೆನ್ನಯ’ದ ಬಗ್ಗೆ ಎಲ್ಲರೂ ಅಷ್ಟು ಹೇಳುವುದೇಕೆ?

ಏಕೆಂದರೆ ಅದು ಬರೀ ಕತೆಯಲ್ಲ. ಕೋಟಿ ಮತ್ತು ಚೆನ್ನಯ ನಮ್ಮ ಗರೋಡಿಗಳಲ್ಲಿ, ಅಂದರೆ ಅವರ ಗುಡಿಗಳಲ್ಲಿ, ಪೂಜೆ ಪಡೆಯುವ ಅವಳಿ ವೀರರು. ಪಡುಮಲೆಯ ಬಲ್ಲಾಳನ ಕಾಲಿನ ಮುಳ್ಳಿನ ಗಾಯ ವಾಸಿ ಮಾಡಿದ ದೇಯಿ ಬೈದೆತಿಯ ಮಕ್ಕಳು. ಬಲ್ಲಾಳ ಕೊಟ್ಟ ಮಾತು, ಗದ್ದೆಯ ಜಗಳ, ಮಂತ್ರಿ ಬುದ್ಧಿವಂತನ ಹಗೆ, ಊರು ಬಿಟ್ಟು ಅಲೆದದ್ದು, ಕೊನೆಗೆ ಎಣ್ಮೂರಿನ ಯುದ್ಧ. ಇದೆಲ್ಲ ಪಾಡ್ದನದಲ್ಲಿ, ಅಂದರೆ ತುಳುವಿನ ಜನಪದ ಕಥನ ಹಾಡಿನಲ್ಲಿ, ಇದೆ. ನೇಜಿ ನೆಡುವ ಹೆಂಗಸರು ಬೆನ್ನು ಬಗ್ಗಿಸಿಕೊಂಡೇ ಹಾಡುತ್ತಿದ್ದ ಹಾಡು. ಯಕ್ಷಗಾನದಲ್ಲೂ ಈ ಪ್ರಸಂಗ ಜನಪ್ರಿಯ.

ಇದನ್ನು ಸಿನಿಮಾ ಮಾಡಿದವರು ವಿಶುಕುಮಾರ್. ಅವರು ಕಾದಂಬರಿಕಾರರು. ತುಳುವಿನಲ್ಲಿ ಚಾರಿತ್ರಿಕ ವಸ್ತುವಿನ ಮೊದಲ ಚಿತ್ರ ಇದು. ಅವರ ಮುಂದಿದ್ದ ಕಷ್ಟ ಊಹಿಸಿ. ನೋಡುವ ಪ್ರತಿಯೊಬ್ಬರಿಗೂ ಕತೆ ಗೊತ್ತು. ಯಾವ ಮಾತಿನ ನಂತರ ಯಾವ ಮಾತು ಬರಬೇಕು ಎಂಬುದೂ ಗೊತ್ತು. ಒಂದು ಕಡೆ ತಪ್ಪಿದರೆ ಭಕ್ತರ ಮನಸ್ಸು ನೋಯುತ್ತದೆ. ಅತಿಯಾಗಿ ದೈವತ್ವ ತುಂಬಿದರೆ ಆ ಹುಡುಗರ ನೋವು ಕಾಣಿಸುವುದಿಲ್ಲ.

ನಮ್ಮ ಅಜ್ಜಿ ಜೀವನದಲ್ಲಿ ಟಾಕೀಸಿಗೆ ಹೋದದ್ದು ಒಂದೇ ಸಲ, ಈ ಚಿತ್ರಕ್ಕೆ. ಮನೆಗೆ ಬಂದು, ‘ಚೆನ್ನಾಗಿತ್ತು, ಆದರೆ ಬೇಗ ಮುಗಿಯಿತು’ ಎಂದರಂತೆ. ಅವರ ಲೆಕ್ಕದಲ್ಲಿ ಆ ಕತೆಗೆ ಒಂದು ಗದ್ದೆ ನೆಟ್ಟು ಮುಗಿಯುವಷ್ಟು ಹೊತ್ತು ಬೇಕು. ಬಿಟ್ಟುಹೋದ ಭಾಗವನ್ನು ಆ ರಾತ್ರಿ ಚಾವಡಿಯಲ್ಲಿ ಕುಳಿತು ಅವರೇ ಹಾಡಿ ಮುಗಿಸಿದರು ಎಂದು ಅಮ್ಮ ಹೇಳುತ್ತಿದ್ದರು. ಸಿನಿಮಾದ ಮೇಲೆ ನಾನು ಓದಿದ ಯಾವ ವಿಮರ್ಶೆಯೂ ನನಗೆ ಇದಕ್ಕಿಂತ ಹೆಚ್ಚು ಕಲಿಸಲಿಲ್ಲ.

ಇದೇ ಕತೆಯನ್ನು ಆನಂದ್ ಪಿ. ರಾಜು ಮತ್ತೊಮ್ಮೆ ತೆರೆಗೆ ತಂದರು. ಅದಕ್ಕೆ 54ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅತ್ಯುತ್ತಮ ತುಳು ಚಿತ್ರ ಪ್ರಶಸ್ತಿ ಸಿಕ್ಕಿತು. ಎರಡನ್ನೂ ಒಂದೇ ಎಂದು ತಿಳಿಯಬೇಡಿ.

ಆಗಿನ ಟಾಕೀಸುಗಳು ಈಗ ಇವೆಯೇ?

ಮಂಗಳೂರಿನಲ್ಲಿ ಜ್ಯೋತಿ, ಸೆಂಟ್ರಲ್, ರೂಪವಾಣಿ, ರಾಮಕಾಂತಿ, ನ್ಯೂಚಿತ್ರಾ, ಪ್ಲಾಟಿನಂ, ಸುಚಿತ್ರಾ, ಪ್ರಭಾತ್. ಉಡುಪಿಯಲ್ಲಿ ಅಲಂಕಾರ್, ಕಲ್ಪನಾ, ಡಯಾನಾ, ಆಶೀರ್ವಾದ್. ಇವೆಲ್ಲ ಒಂದೇ ಕಾಲಕ್ಕೆ ಕಟ್ಟಿದವಲ್ಲ. ನಮ್ಮ ತಲೆಮಾರಿನ ಬಾಯಲ್ಲಿರುವ ಹೆಸರುಗಳು ಇವು. ಒಂದೇ ಪರದೆಯ ಟಾಕೀಸುಗಳಲ್ಲಿ ಹಲವು ಒಂದೊಂದಾಗಿ ಮುಚ್ಚಿದವು.

ಹೆಸರುಗಳು ಮಾತ್ರ ರಸ್ತೆಯಲ್ಲಿ ಉಳಿದಿವೆ. ಅಂಬೇಡ್ಕರ್ ವೃತ್ತಕ್ಕೆ ಹೋಗುವ ಬಸ್ಸಿನಲ್ಲಿ ಕಂಡಕ್ಟರ್ ಇವತ್ತಿಗೂ ‘ಜ್ಯೋತಿ, ಜ್ಯೋತಿ’ ಎಂದೇ ಕೂಗುತ್ತಾರೆ. ಇಳಿಯುವವರಲ್ಲಿ ಎಷ್ಟೋ ಮಂದಿ ಅಲ್ಲಿ ಸಿನಿಮಾ ನೋಡಿದವರೇ ಅಲ್ಲ.

ಮಧ್ಯೆ ತುಳು ಸಿನಿಮಾ ನಿಂತೇ ಹೋಗಿತ್ತೇ?

ನಿಂತಿರಲಿಲ್ಲ, ತೆಳುವಾಗಿತ್ತು. 1980ರ ದಶಕದಲ್ಲಿ ಟಿವಿ ಬಂತು, ವಿಡಿಯೊ ಕ್ಯಾಸೆಟ್ ಬಂತು. ಸಣ್ಣ ಭಾಷೆಯ ಸಿನಿಮಾಕ್ಕೆ ಪೆಟ್ಟು ಮೊದಲು ಬೀಳುತ್ತದೆ. ಆ ಹೊತ್ತಿನಲ್ಲಿ ರಿಚರ್ಡ್ ಕ್ಯಾಸ್ಟಲಿನೊ ಅವರು ‘ಬಂಗಾರ್ ಪಟ್ಲೇರ್’ (1993) ಮಾಡಿದರು. ಮರುವರ್ಷ ‘ಸೆಪ್ಟೆಂಬರ್ 8’ ಎಂಬ ಚಿತ್ರವನ್ನು 24 ಗಂಟೆಯಲ್ಲಿ ಚಿತ್ರೀಕರಿಸಿ ಮುಗಿಸಿದರು. ಕಡಿಮೆ ದುಡ್ಡಿನಲ್ಲಿ ಏನು ಸಾಧ್ಯ ಎಂದು ಹುಡುಕುವ ಹಟ ಅದು. 2006ರಲ್ಲಿ ಪಿ.ಎನ್. ರಾಮಚಂದ್ರ ಅವರ ‘ಸುದ್ದ’ ದೆಹಲಿಯ ಓಸಿಯಾನ್ಸ್ ಸಿನಿಫ್ಯಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ಭಾರತೀಯ ಚಿತ್ರ ಎನಿಸಿತು.

ಜನರನ್ನು ಮತ್ತೆ ಟಾಕೀಸಿಗೆ ಎಳೆದು ತಂದದ್ದು 2011ರ ‘ಒರಿಯರ್ದೊರಿ ಅಸಲ್’. ಅದೂ ವಿಜಯಕುಮಾರ್ ಕೊಡಿಯಾಲ್‌ಬೈಲ್ ಅವರ ನಾಟಕದಿಂದ ಬಂದದ್ದು. ನಲವತ್ತು ವರ್ಷ ಕಳೆದರೂ ದಾರಿ ಅದೇ, ರಂಗದಿಂದ ಪರದೆಗೆ. ‘ಕೋಸ್ಟಲ್‌ವುಡ್’ ಎಂಬ ಹೆಸರು ಬಾಯಿಗೆ ಬಂದದ್ದೆಲ್ಲ ಈಚೆಗೆ. ನನಗೆ ಆ ಹೆಸರಿಗಿಂತ ‘ತುಳು ಸಿನಿಮಾ’ ಎನ್ನುವುದೇ ಚೆಂದ.

ಹಳೆಯ ಚಿತ್ರಗಳನ್ನು ಈಗ ನೋಡಬಹುದೇ?

ಹಾಡುಗಳು ಸುಲಭವಾಗಿ ಸಿಗುತ್ತವೆ. ಪೂರ್ತಿ ಚಿತ್ರ, ಒಳ್ಳೆಯ ಪ್ರಿಂಟಿನಲ್ಲಿ ನೋಡುವುದು ಕಷ್ಟ. ಇದು ನನಗೆ ನಿಜವಾಗಿ ಸಂಕಟ ಕೊಡುವ ವಿಷಯ. ಆ ಕಾಲದ ಫಿಲ್ಮ್ ಅಸಿಟೇಟಿನದು. ಸೆಕೆ, ತೇವ ಎರಡೂ ಅದಕ್ಕೆ ಶತ್ರು. ಹಾಳಾಗಲು ಶುರುವಾದರೆ ವಿನೆಗರಿನ ಹುಳಿ ವಾಸನೆ ಬರುತ್ತದೆ, ಆಮೇಲೆ ಸುರುಟಿಕೊಳ್ಳುತ್ತದೆ. ನಮ್ಮ ಕರಾವಳಿಯ ಹವೆಯಲ್ಲಿ ಅಟ್ಟದ ಮೇಲೆ ಇಟ್ಟ ಡಬ್ಬ ಎಷ್ಟು ಮಳೆಗಾಲ ತಡೆದೀತು? ಪುಣೆಯಲ್ಲಿ 1964ರಿಂದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಇದೆ. ಯಾರ ಮನೆಯಲ್ಲಾದರೂ ಫಿಲ್ಮ್ ಡಬ್ಬ ಇದ್ದರೆ ಅಲ್ಲಿಗೆ ಬರೆದು ಕೇಳುವುದು ಒಳ್ಳೆಯದು. ಬಿಡಿಸಿ ನೋಡಲು ಮನೆಯಲ್ಲೇ ಪ್ರಯತ್ನಿಸಬೇಡಿ.

ನಮ್ಮ ಅಜ್ಜನ ಪೆಟ್ಟಿಗೆಯಲ್ಲಿ ಹಳೆಯ ಹಾಡಿನ ಪುಸ್ತಕ, ನೋಟೀಸು ಇವೆ. ಏನು ಮಾಡಲಿ?

ದಯವಿಟ್ಟು ಗುಜರಿಗೆ ಹಾಕಬೇಡಿ. ಚಿತ್ರವೇ ಸಿಗದಿದ್ದಾಗ ಆ ಎಂಟು ಪುಟದ ಹಾಡಿನ ಪುಸ್ತಕವೇ ದಾಖಲೆ. ಯಾರು ನಟಿಸಿದರು, ಯಾರು ಹಾಡಿದರು, ಕತೆ ಏನು ಎಂಬುದು ಅದರಲ್ಲಿ ಇರುತ್ತದೆ.

ಲ್ಯಾಮಿನೇಷನ್ ಮಾಡಿಸಬೇಡಿ. ಹರಿದ ಕಡೆ ಸೆಲ್ಲೊ ಟೇಪ್ ಅಂಟಿಸಬೇಡಿ, ನಾಲ್ಕೈದು ವರ್ಷದಲ್ಲಿ ಕಾಗದವೇ ಹಳದಿಯಾಗಿ ಅಂಟು ಬಿಡುತ್ತದೆ. ಹಗಲು ಬೆಳಕಿನಲ್ಲಿ, ಫ್ಲ್ಯಾಶ್ ಇಲ್ಲದೆ, ಪ್ರತಿ ಪುಟದ ಫೋಟೊ ತೆಗೆಯಿರಿ. ರಟ್ಟುಗಳನ್ನೂ, ಹಿಂಬದಿಯ ಜಾಹೀರಾತನ್ನೂ ಬಿಡಬೇಡಿ. ಬೀಡಿ, ಸೋಡಾ, ಬಟ್ಟೆ ಅಂಗಡಿಯ ಆ ಜಾಹೀರಾತುಗಳಲ್ಲೇ ಸಿನಿಮಾಕ್ಕೆ ದುಡ್ಡು ಕೊಟ್ಟ ಊರು ಕಾಣಿಸುತ್ತದೆ. 45 ಆರ್‌ಪಿಎಂನ ಸಣ್ಣ ತಟ್ಟೆಗಳಿದ್ದರೆ ಒಂದರ ಮೇಲೊಂದು ಪೇರಿಸದೆ ನೆಟ್ಟಗೆ ನಿಲ್ಲಿಸಿಡಿ.

ಮತ್ತೆ ಫೋಟೊಗಳು. ಹಿಂಬದಿಯಲ್ಲಿ ಪೆನ್ಸಿಲಿನಿಂದ ಹೆಸರು ಬರೆಯಿರಿ. ಪೆನ್ನು ಬೇಡ, ಶಾಯಿ ಮುಂಬದಿಗೆ ಒಸರುತ್ತದೆ. ಬಣ್ಣ ಹಚ್ಚಿಕೊಂಡು ಸಾಲಾಗಿ ನಿಂತ ಹತ್ತು ಮಂದಿಯಲ್ಲಿ ಮೂರನೆಯವರು ಯಾರು ಎಂದು ಹೇಳಬಲ್ಲವರು ಮನೆಯಲ್ಲಿ ಒಬ್ಬರೇ ಉಳಿದಿರಬಹುದು. ಈ ಭಾನುವಾರವೇ ಅವರ ಪಕ್ಕ ಕುಳಿತು ಕೇಳಿ.